ಪರವಾನಗಿ ಕಳೆದುಕೊಂಡ ನಟಿ: ವ್ಲಾಸ್ತಾ ಖ್ರಾಮೊಸ್ತೊವಾ

ಸರ್ಕಾರ ಬರೆಯಬೇಡವೆಂದು ತಡೆದರೆ ಲೇಖಕನು ಮನೆಯಲ್ಲಿ ಕುಳಿತು ಬರೆದು, ಹಸ್ತಪ್ರತಿಯನ್ನು ಟ್ರಂಕಿನಲ್ಲಿಟ್ಟು, ಕಾಲ ತಿಳಿಯಾಗುವವರೆಗೆ ಕಾಯಬಹುದು. ಚಿತ್ರಕಾರನೂ ತಾನು ಬರೆದ ಚಿತ್ರವನ್ನು ಗೋಡೆಗೆ ಮುಖ ಮಾಡಿ ನಿಲ್ಲಿಸಿ ಕಾಯಬಹುದು. ನಟನಟಿಯರಿಗೆ ಆ ಅನುಕೂಲವಿಲ್ಲ. ಎದುರಿಗೆ ಪ್ರೇಕ್ಷಕರಿಲ್ಲದೆ ಒಬ್ಬರೇ ಮಾಡಿದ್ದು ತಾಲೀಮಾದೀತೇ ಹೊರತು ನಾಟಕವಾಗುವುದಿಲ್ಲ, ಮತ್ತು ನಲವತ್ತೈದನೆಯ ವಯಸ್ಸಿನ ದೇಹ, ದನಿ, ಅನುಭವ ಕೇಳುವ ಪಾತ್ರವನ್ನು ಎಪ್ಪತ್ತಕ್ಕೆ ಎತ್ತಿಡುವುದೂ ಸಾಧ್ಯವಿಲ್ಲ. ಆದ್ದರಿಂದ ನಟನನ್ನು ಇಲ್ಲವಾಗಿಸಲು ಸರ್ಕಾರವೊಂದು ಅವನನ್ನು ಸೆರೆಮನೆಗೆ ಹಾಕಬೇಕಾಗಿಲ್ಲ, ಅವನಿಗೂ ಪ್ರೇಕ್ಷಕರಿಗೂ ನಡುವಿನ ಬಾಗಿಲನ್ನು ಮುಚ್ಚಿದರೆ ಸಾಕು. ರಾಜಕೀಯ ಬದಲಾದಾಗ ಕಲಾವಿದರಿಗೆ ಏನಾಗುತ್ತದೆ ಎಂಬ ಚರ್ಚೆ ಬಂದಾಗಲೆಲ್ಲ ನನಗೆ ಮೊದಲು ನೆನಪಾಗುವವರು, ಆ ಬಾಗಿಲು ಮುಚ್ಚಿದ ಮೇಲೆ ತಮ್ಮ ಮನೆಯ ಬಾಗಿಲನ್ನೇ ತೆರೆದ ಜೆಕ್ ನಟಿ ವ್ಲಾಸ್ತಾ ಖ್ರಾಮೊಸ್ತೊವಾ.

ಬೆಂಗಳೂರಿನ ಹವ್ಯಾಸಿ ರಂಗಭೂಮಿಯಲ್ಲಿ ಬಹಳ ಕಾಲದಿಂದ ಇರುವವನಾದ ನನಗೆ ಈ ನಟಿಯ ಪರಿಚಯವಾದದ್ದು ನಾಟಕದಿಂದಲ್ಲ, ಬನಶಂಕರಿಯ ಕಡೆಯ ಫಿಲ್ಮ್ ಸೊಸೈಟಿಯೊಂದು ತೋರಿಸಿದ ಕಪ್ಪುಬಿಳುಪಿನ ಚಿತ್ರವೊಂದರಿಂದ. ಯೂರಾಯ್ ಹೆರ್ಜ್ ನಿರ್ದೇಶಿಸಿದ, ಲಾದಿಸ್ಲಾವ್ ಫುಕ್ಸ್ ಅವರ ಕಾದಂಬರಿಯನ್ನು ಆಧರಿಸಿದ ಆ ಚಿತ್ರದ ಕಥಾನಾಯಕ 1930ರ ದಶಕದ ಪ್ರಾಗ್ ನಗರದ ಶವದಹನಾಗಾರವೊಂದರಲ್ಲಿ ಕೆಲಸ ಮಾಡುವ ನಯವಾದ ಮಾತಿನ ಗೃಹಸ್ಥ. ನಾಜಿಗಳ ಪ್ರಭಾವ ಹೆಚ್ಚುತ್ತಿದ್ದಂತೆ ಅವನ ನಂಬಿಕೆಗಳೂ, ಕೊನೆಗೆ ಅವನ ರಕ್ತಸಂಬಂಧಗಳ ಲೆಕ್ಕಾಚಾರವೂ ಬದಲಾಗುತ್ತಾ ಹೋಗುತ್ತವೆ. ಯಹೂದಿ ಮೂಲದವಳೆಂಬ ಕಾರಣಕ್ಕೆ ಅವನು ತನ್ನ ಹೆಂಡತಿಯನ್ನೇ ನೇಣಿಗೇರಿಸುತ್ತಾನೆ. ಆ ಪಾತ್ರವನ್ನು ರುಡೊಲ್ಫ್ ಹ್ರುಶೀನ್‌ಸ್ಕಿ ಮಾಡಿದ್ದರು, ಹೆಂಡತಿಯಾಗಿ ಖ್ರಾಮೊಸ್ತೊವಾ ನಟಿಸಿದ್ದರು. ಮಾತು ಕಡಿಮೆ ಇರುವ ಪಾತ್ರವದು. ಗಂಡ ಆಡುವ ಪ್ರತಿಯೊಂದು ಮಾತನ್ನೂ ಅವರು ಕೇಳಿಸಿಕೊಳ್ಳುವ ರೀತಿಯೇ ಅಭಿನಯ. ಪ್ರೀತಿ, ಅಭ್ಯಾಸ, ಸಣ್ಣ ಅನುಮಾನ, ಮತ್ತೆ ಅದನ್ನು ಒಳಗೇ ತಡೆದುಕೊಳ್ಳುವ ಪ್ರಯತ್ನ, ಇವಿಷ್ಟೂ ಆ ಮುಖದ ಮೇಲೆ ಸಾಲಾಗಿ ಹಾದುಹೋಗುತ್ತವೆ. ಕೇಳಿಸಿಕೊಳ್ಳುವುದನ್ನು ಅಭಿನಯಿಸುವುದು ಎಷ್ಟು ಕಷ್ಟವೆಂದು ರಂಗದ ಮೇಲೆ ನಿಂತವರಿಗೆಲ್ಲ ಗೊತ್ತು.

ಆ ಚಿತ್ರದ ಚಿತ್ರೀಕರಣ ನಡೆಯುತ್ತಿದ್ದಾಗಲೇ, 1968ರ ಆಗಸ್ಟ್ 21ರಂದು, ಸೋವಿಯತ್ ಒಕ್ಕೂಟದ ನೇತೃತ್ವದ ವಾರ್ಸಾ ಒಪ್ಪಂದದ ಸೇನೆಗಳು, ಅಲ್ಲಿ ನಡೆಯುತ್ತಿದ್ದ ರಾಜಕೀಯ ಸುಧಾರಣೆಗಳನ್ನು ಹತ್ತಿಕ್ಕಲು, ಜೆಕೊಸ್ಲೊವಾಕಿಯಾದೊಳಗೆ ನುಗ್ಗಿದವು. ಒಂದು ಆಕ್ರಮಣದ ಕಾಲದ ಕಥೆಯನ್ನು ಇನ್ನೊಂದು ಆಕ್ರಮಣದ ಟ್ಯಾಂಕುಗಳ ಸದ್ದಿನ ನಡುವೆ ಮುಗಿಸಬೇಕಾಯಿತು. 1969ರಲ್ಲಿ ಚಿತ್ರ ತೆರೆಕಂಡಿತು, ಕೆಲವೇ ವರ್ಷಗಳಲ್ಲಿ ಚಿತ್ರಮಂದಿರಗಳಿಂದ ಮಾಯವಾಗಿ 1989ರವರೆಗೆ ಗೋದಾಮಿನಲ್ಲಿಯೇ ಉಳಿಯಿತು. ಅದರ ಛಾಯಾಗ್ರಾಹಕ ಸ್ಟಾನಿಸ್ಲಾವ್ ಮಿಲೊಟಾ ಖ್ರಾಮೊಸ್ತೊವಾ ಅವರ ಪತಿ. ಆಕ್ರಮಣವನ್ನು ಪ್ರತಿಭಟಿಸಿ 1969ರ ಜನವರಿಯಲ್ಲಿ ತನಗೆ ತಾನೇ ಬೆಂಕಿ ಹಚ್ಚಿಕೊಂಡ ವಿದ್ಯಾರ್ಥಿ ಯಾನ್ ಪಾಲಾಖ್‌ನ ಶವಯಾತ್ರೆಯನ್ನು ಇದೇ ಮಿಲೊಟಾ ಚಿತ್ರೀಕರಿಸಿದರು. ಅವರೂ ಮುಂದೆ ತಮ್ಮ ವೃತ್ತಿಯನ್ನು ಕಳೆದುಕೊಂಡರು. ಒಂದೇ ಮನೆಯ ಇಬ್ಬರೂ, ಒಬ್ಬರ ಹಿಂದೊಬ್ಬರು, ತಮ್ಮ ಕಸುಬಿನಿಂದ ಹೊರಗಾದರು.

ಹೊರಗಾಗುವುದಕ್ಕೆ ಮೊದಲು ಖ್ರಾಮೊಸ್ತೊವಾ ಎಂಥ ಎತ್ತರದಲ್ಲಿದ್ದರು ಎಂಬುದನ್ನು ಹೇಳದಿದ್ದರೆ ಅವರು ಕಳೆದುಕೊಂಡದ್ದರ ಅಳತೆ ಸಿಗುವುದಿಲ್ಲ. ಅವರು ಹುಟ್ಟಿದ್ದು 1926ರ ನವೆಂಬರ್ 17ರಂದು, ಮೊರಾವಿಯಾದ ಬ್ರನೋ ನಗರದಲ್ಲಿ. ಅವರಿಗೆ ಹದಿಮೂರು ತುಂಬಿದ ದಿನ, 1939ರ ನವೆಂಬರ್ 17ರಂದು, ನಾಜಿಗಳು ಜೆಕ್ ವಿಶ್ವವಿದ್ಯಾಲಯಗಳನ್ನೆಲ್ಲ ಮುಚ್ಚಿಸಿ ವಿದ್ಯಾರ್ಥಿ ನಾಯಕರನ್ನು ಗುಂಡಿಕ್ಕಿ ಕೊಂದರು. ಯುದ್ಧ ಮುಗಿದ ಹೊಸತರಲ್ಲಿ ಮೊರಾವಿಯಾದ ರಂಗಮಂದಿರಗಳಲ್ಲಿ ಪಳಗಿ, 1950ರಲ್ಲಿ ಅವರು ಪ್ರಾಗ್‌ನ ವಿನೊಹ್ರಾಡಿ ರಂಗಮಂದಿರವನ್ನು ಸೇರಿದರು. ಅದೇ ವರ್ಷ, ನಾಜಿ ಆಳ್ವಿಕೆಯ ವಿರುದ್ಧದ ಭೂಗತ ಹೋರಾಟದ ಕಥೆಯುಳ್ಳ ಚಲನಚಿತ್ರವೊಂದರ ಮುಖ್ಯ ಪಾತ್ರ ಅವರನ್ನು ಇಡೀ ದೇಶಕ್ಕೆ ಪರಿಚಯಿಸಿತು. ಮುಂದಿನ ಎರಡು ದಶಕ ಅವರು ವಿನೊಹ್ರಾಡಿಯ ಮುಂಚೂಣಿಯ ನಟಿಯಾಗಿದ್ದರು.

ಇಲ್ಲಿ ನಮ್ಮ ಓದುಗರು ಒಂದು ವ್ಯವಸ್ಥೆಯನ್ನು ಗಮನಿಸಬೇಕು. 1948ರಲ್ಲಿ ಕಮ್ಯುನಿಸ್ಟರು ಅಧಿಕಾರ ಹಿಡಿದ ಮೇಲೆ ಬಂದ ಕಾಯಿದೆಯಿಂದ ಆ ದೇಶದ ರಂಗಮಂದಿರಗಳೆಲ್ಲ ಸರ್ಕಾರದ ಹಿಡಿತಕ್ಕೆ ಹೋದವು. ವಿನೊಹ್ರಾಡಿಯಂತೂ 1950ರಿಂದ 1966ರವರೆಗೆ ಸೈನ್ಯದ ರಂಗಮಂದಿರವೇ ಆಗಿತ್ತು. ನಟರು ಸಂಬಳದ ನೌಕರರು. ನಮ್ಮಲ್ಲಿ ವೃತ್ತಿ ನಾಟಕ ಕಂಪನಿಯ ನಟನೊಬ್ಬ ಮಾಲೀಕನೊಡನೆ ಜಗಳವಾಡಿದರೆ ಇನ್ನೊಂದು ಕಂಪನಿಗೆ ಹೋಗಬಹುದಿತ್ತು. ಹವ್ಯಾಸಿಯಾದವನು ಬ್ಯಾಂಕಿನಲ್ಲೋ ಎಚ್‌ಎಎಲ್‌ನಲ್ಲೋ ದುಡಿದು, ಸಂಜೆ ಕಲಾಕ್ಷೇತ್ರದ ಹಿಂಭಾಗದಲ್ಲಿ ತಾಲೀಮು ನಡೆಸಬಹುದಿತ್ತು. ಜೆಕೊಸ್ಲೊವಾಕಿಯಾದಲ್ಲಿ ಮಾಲೀಕನೊಬ್ಬನೇ, ಸರ್ಕಾರ. ರಂಗಮಂದಿರ, ಸಿನಿಮಾ ಸ್ಟುಡಿಯೋ, ರೇಡಿಯೊ, ಟೆಲಿವಿಷನ್ ಎಲ್ಲವೂ ಅವನದೇ ಆಗಿದ್ದಾಗ ಒಂದು ಕಡೆ ಬೇಡವಾದವರು ಎಲ್ಲ ಕಡೆಯೂ ಬೇಡವಾಗುತ್ತಾರೆ.

ಆಕ್ರಮಣದ ನಂತರ ಕಮ್ಯುನಿಸ್ಟ್ ಪಕ್ಷದ ನಾಯಕ ಗುಸ್ತಾವ್ ಹುಸಾಕ್ ಅವರ ಆಡಳಿತದಲ್ಲಿ, ಸುಧಾರಣೆಯ ಪರವಿದ್ದವರನ್ನು ಕೆಲಸದಿಂದ ಹೊರಹಾಕಿದ ಶುದ್ಧೀಕರಣದಲ್ಲಿ ಆದದ್ದು ಅದೇ. ವಿನೊಹ್ರಾಡಿಯ ನಿರ್ದೇಶಕರಾಗಿದ್ದ ನಾಟಕಕಾರ ಫ್ರಾಂಟಿಶೆಕ್ ಪಾವ್ಲೀಚೆಕ್ ಸ್ಥಾನ ಕಳೆದುಕೊಂಡರು. ಖ್ರಾಮೊಸ್ತೊವಾ ಆ ರಂಗಮಂದಿರವನ್ನು ಬಿಟ್ಟು, ನಿರ್ದೇಶಕ ಒಟೊಮಾರ್ ಕ್ರೆಯ್ಚಾ ಅವರ ತಂಡವನ್ನು ಸೇರಿದರು. ಚೆಕಾವ್ ನಾಟಕಗಳಿಗಾಗಿ ಯುರೋಪಿನಲ್ಲೆಲ್ಲ ಹೆಸರಾಗಿದ್ದ ಆ ತಂಡವನ್ನು 1972ರಲ್ಲಿ ಅಧಿಕಾರಿಗಳು ಮುಚ್ಚಿಸಿದರು. ನಂತರ ಪಶ್ಚಿಮದ ಗಡಿಯಂಚಿನ ಚೆಬ್ ಎಂಬ ಊರಿನ ರಂಗಮಂದಿರದಲ್ಲಿ ಅಲ್ಪ ಕಾಲ ಅವಕಾಶ ಸಿಕ್ಕಿತು, ಆಮೇಲೆ ಅದೂ ಇಲ್ಲವಾಯಿತು. ಆಗ ಅವರಿಗೆ ನಲವತ್ತಾರು, ನಲವತ್ತೇಳರ ವಯಸ್ಸು.

1976ರ ಶರತ್ಕಾಲದಲ್ಲಿ ಅವರು ಪ್ರಾಗ್‌ನ ತಮ್ಮ ಫ್ಲ್ಯಾಟಿನಲ್ಲೇ ನಾಟಕ ಆರಂಭಿಸಿದರು. ಮೊದಲ ಪ್ರಯೋಗ ಕವಿ ಯಾರೊಸ್ಲಾವ್ ಸೈಫರ್ಟ್ ಅವರ ನೆನಪುಗಳ ವಾಚನ. ಸೈಫರ್ಟ್ ಅವರಿಗೆ ನೊಬೆಲ್ ಪ್ರಶಸ್ತಿ ಬಂದದ್ದು 1984ರಲ್ಲಿ. ಅದಕ್ಕೆ ಎಂಟು ವರ್ಷ ಮೊದಲು, ಅಚ್ಚಿಗೆ ಹೋಗಲಾರದ ಅವರ ಹಸ್ತಪ್ರತಿ ಈ ನಟಿಯ ದನಿಯಲ್ಲಿ ಕೆಲವೇ ಜನರ ಕಿವಿಗೆ ತಲುಪಿತು. ಆಹ್ವಾನ ಬಾಯಿಂದ ಬಾಯಿಗೆ ಹೋಗುತ್ತಿತ್ತು. ಬಂದವರು ಕೋಣೆಯಲ್ಲಿ ಜಾಗ ಸಿಕ್ಕಲ್ಲಿ ಒತ್ತೊತ್ತಾಗಿ ಕೂರುತ್ತಿದ್ದರು. ಪೊಲೀಸರು ಹೊರಗೆ ಕಾದು ನಿಂತು ಬಂದುಹೋದವರ ಹೆಸರು ಬರೆದುಕೊಳ್ಳುತ್ತಿದ್ದ ಆ ದಿನಗಳಲ್ಲಿ, ಅಲ್ಲಿ ಪ್ರೇಕ್ಷಕನಾಗಿ ಕೂರುವುದಕ್ಕೂ ಧೈರ್ಯ ಬೇಕಿತ್ತು. ಈ ಅಂಶವನ್ನು ನಾವು ಸಾಕಷ್ಟು ಮೆಚ್ಚುವುದಿಲ್ಲವೆಂದು ನನಗೆ ತೋರುತ್ತದೆ. ನಟಿಗೆ ಕಳೆದುಕೊಳ್ಳಲು ಹೆಚ್ಚೇನೂ ಉಳಿದಿರಲಿಲ್ಲ. ಪ್ರೇಕ್ಷಕರಿಗೆ ಕೆಲಸವಿತ್ತು, ಕಾಲೇಜಿಗೆ ಹೋಗಬೇಕಾದ ಮಕ್ಕಳಿದ್ದರು.

ಇಂಥ ಸಣ್ಣ ಜಾಗದಲ್ಲಿ ಅಭಿನಯಿಸುವುದು ದೊಡ್ಡ ರಂಗದ ಅಭಿನಯವನ್ನು ಚಿಕ್ಕದು ಮಾಡಿದಂತಲ್ಲ, ಅದರ ಕಷ್ಟವೇ ಬೇರೆ. ನಾವು ಬೆಂಗಳೂರಿನಲ್ಲಿ ಮನೆಯ ಹಜಾರಗಳಲ್ಲಿ, ಟೆರೇಸುಗಳ ಮೇಲೆ ಆಪ್ತ ರಂಗಭೂಮಿಯ ಪ್ರಯೋಗಗಳನ್ನು ಮಾಡಿದ್ದೇವೆ. ಕೊನೆಯ ಸಾಲಿಗೆ ದನಿ ಮುಟ್ಟಿಸಬೇಕೆಂದು ವರ್ಷಗಟ್ಟಲೆ ಕಲಿತ ನಟ, ಮೂರು ಅಡಿ ದೂರದಲ್ಲಿ ಕುಳಿತವರ ಎದುರು ಆ ದನಿಯನ್ನು ಏನು ಮಾಡಬೇಕೆಂದು ತಿಳಿಯದೆ ನಿಲ್ಲುತ್ತಾನೆ. ದೊಡ್ಡ ರಂಗದಲ್ಲಿ ಬೆಳಕು ಅವನನ್ನು ಪ್ರೇಕ್ಷಕರಿಂದ ಬೇರ್ಪಡಿಸಿ ಕಾಪಾಡುತ್ತದೆ, ಹಜಾರದಲ್ಲಿ ಟ್ಯೂಬ್‌ಲೈಟ್ ಎಲ್ಲರ ಮೇಲೂ ಒಂದೇ ಸಮನಾಗಿ ಬೀಳುತ್ತದೆ; ನೋಡುವವರ ಮುಖ ನಟನಿಗೂ ಕಾಣುತ್ತದೆ. ಇಪ್ಪತ್ತು ವರ್ಷ ವಿನೊಹ್ರಾಡಿಯ ವಿಶಾಲ ರಂಗಕ್ಕೆ ಒಗ್ಗಿದ್ದ ನಟಿಯೊಬ್ಬರು ಐವತ್ತರ ಹೊಸ್ತಿಲಲ್ಲಿ ಈ ಹೊಸ ವಿದ್ಯೆಯನ್ನು ತಾವಾಗಿ ಕಲಿತರೆಂಬುದು ನನಗೆ ಅವರ ರಾಜಕೀಯ ಧೈರ್ಯದಷ್ಟೇ ದೊಡ್ಡದಾಗಿ ಕಾಣುತ್ತದೆ.

1977ರ ಜನವರಿ ಬಂದಿತು. ಸರ್ಕಾರ ತಾನೇ ಸಹಿ ಹಾಕಿದ ಮಾನವ ಹಕ್ಕುಗಳ ಒಪ್ಪಂದಗಳನ್ನು ಪಾಲಿಸಬೇಕೆಂದಷ್ಟೇ ಕೇಳಿದ ಚಾರ್ಟರ್ 77 ಎಂಬ ಹೇಳಿಕೆಗೆ ಖ್ರಾಮೊಸ್ತೊವಾ ಸಹಿ ಹಾಕಿದರು. ನಾಟಕಕಾರ ವಾತ್ಸ್ಲಾವ್ ಹಾವೆಲ್, ತತ್ತ್ವಜ್ಞಾನಿ ಯಾನ್ ಪಾಟೊಚ್ಕಾ ಮತ್ತು ಮಾಜಿ ವಿದೇಶಾಂಗ ಸಚಿವ ಯಿರ್ಝಿ ಹಾಯೆಕ್ ಅದರ ಮೊದಲ ವಕ್ತಾರರು. ಜನವರಿ 6ರಂದು ಸಹಿಗಳ ಸಮೇತ ಆ ಹೇಳಿಕೆಯನ್ನು ತಲುಪಿಸಲು ಹೊರಟ ಹಾವೆಲ್ ಮತ್ತು ಲೇಖಕ ಲುಡ್ವಿಕ್ ವಾತ್ಸುಲಿಕ್ ಅವರಿದ್ದ ಕಾರನ್ನು ಪೊಲೀಸರು ಪ್ರಾಗ್‌ನ ಬೀದಿಗಳಲ್ಲಿ ಬೆನ್ನಟ್ಟಿ ಹಿಡಿದರು. ಆ ಕಾರನ್ನು ಓಡಿಸುತ್ತಿದ್ದವರೂ ಒಬ್ಬ ನಟ, ಪಾವೆಲ್ ಲಾಂಡೊವ್‌ಸ್ಕಿ. ಪಾಟೊಚ್ಕಾ ಅವರು ಸುದೀರ್ಘ ವಿಚಾರಣೆಗಳ ಬಳಿಕ ಅದೇ ಮಾರ್ಚ್‌ನಲ್ಲಿ ತೀರಿಕೊಂಡರು.

ಸರ್ಕಾರದ ಉತ್ತರವೂ ರಂಗಭೂಮಿಯಿಂದಲೇ ಬಂದಿತು. ಜನವರಿ 28ರಂದು ಪ್ರಾಗ್‌ನ ರಾಷ್ಟ್ರೀಯ ರಂಗಮಂದಿರಕ್ಕೆ ದೇಶದ ಹೆಸರಾಂತ ಕಲಾವಿದರನ್ನೆಲ್ಲ ಕರೆಸಿ, ಚಾರ್ಟರ್ ವಿರುದ್ಧದ ಹೇಳಿಕೆಯೊಂದಕ್ಕೆ ಸಹಿ ಮಾಡಿಸಲಾಯಿತು. ಅದನ್ನು ವೇದಿಕೆಯ ಮೇಲೆ ನಿಂತು ಓದಿದವರು ನಟಿ ಯಿರ್ಝಿನಾ ಶ್ವೊರ್ತ್ಸೊವಾ, ವಿನೊಹ್ರಾಡಿ ರಂಗಮಂದಿರದಲ್ಲಿ ಖ್ರಾಮೊಸ್ತೊವಾ ಅವರ ಸಹೋದ್ಯೋಗಿಯಾಗಿದ್ದವರು. ಸಭೆಯಲ್ಲಿ ಇಡೀ ದೇಶ ಪ್ರೀತಿಸುತ್ತಿದ್ದ ಯಾನ್ ವೆರಿಖ್ ಅವರಂಥ ಹಿರಿಯರೂ ಕುಳಿತಿದ್ದರು. ಕಮ್ಯುನಿಸ್ಟ್ ಪಕ್ಷದ ಪತ್ರಿಕೆಯಲ್ಲಿ ದಿನಗಟ್ಟಲೆ ಸಹಿ ಹಾಕಿದವರ ಹೆಸರುಗಳು ಅಚ್ಚಾದವು, ಅವು ಸಾವಿರಾರು. ಅವರಲ್ಲಿ ಹೆಚ್ಚಿನವರು ಆ ಚಾರ್ಟರ್‌ನಲ್ಲಿ ಏನಿದೆಯೆಂದು ಓದಿರಲೇ ಇಲ್ಲ, ಏಕೆಂದರೆ ಅದನ್ನು ದೇಶದೊಳಗೆ ಎಲ್ಲಿಯೂ ಪ್ರಕಟಿಸಿರಲಿಲ್ಲ. ನಾನು ಅವರನ್ನು ಹಳಿಯಲಾರೆ. ಸಹಿ ಮಾಡದ ನಟನಿಗೆ ಮರುದಿನದಿಂದ ಪಾತ್ರವಿಲ್ಲ, ಸಂಬಳವಿಲ್ಲ. ಅಂಥ ಲೆಕ್ಕವನ್ನು ಬೇರೆಯವರ ಪರವಾಗಿ ಮಾಡುವ ಹಕ್ಕು ದೂರದ ಊರಿನಲ್ಲಿ ನೆಮ್ಮದಿಯಿಂದ ಕುಳಿತವರಿಗೆ ಇಲ್ಲ. ಆದರೆ ಒಂದೇ ರಂಗದ ಮೇಲೆ ಪಾತ್ರ ಮಾಡಿದ್ದ ಇಬ್ಬರು ನಟಿಯರಲ್ಲಿ ಒಬ್ಬರು ಆ ಜನವರಿಯಲ್ಲಿ ರಾಷ್ಟ್ರೀಯ ರಂಗಮಂದಿರದ ಮೈಕಿನ ಮುಂದೆ, ಇನ್ನೊಬ್ಬರು ತಮ್ಮ ಮನೆಯ ಕೋಣೆಯಲ್ಲಿ ಇದ್ದರೆಂಬುದನ್ನು ಮರೆಯಲೂ ಆಗುವುದಿಲ್ಲ.

ಅದೇ ಜನವರಿ ಬೆಂಗಳೂರಿಗೂ ಒಬ್ಬ ನಟಿಯನ್ನು ಕಳೆದುಕೊಂಡ ತಿಂಗಳು. ಅನಂತಮೂರ್ತಿಯವರ ಕಾದಂಬರಿಯನ್ನು ಆಧರಿಸಿದ, 1970ರ ‘ಸಂಸ್ಕಾರ’ ಚಿತ್ರದಲ್ಲಿ ಚಂದ್ರಿಯಾಗಿದ್ದ ಸ್ನೇಹಲತಾ ರೆಡ್ಡಿ, ತುರ್ತುಪರಿಸ್ಥಿತಿಯಲ್ಲಿ 1976ರ ಮೇ ತಿಂಗಳಲ್ಲಿ ಬಂಧನಕ್ಕೊಳಗಾಗಿ ಬೆಂಗಳೂರಿನ ಸೆಂಟ್ರಲ್ ಜೈಲಿನಲ್ಲಿ ಎಂಟು ತಿಂಗಳಿದ್ದರು. ಆಸ್ತಮಾದಿಂದ ನರಳುತ್ತಿದ್ದ ಅವರ ಆರೋಗ್ಯ ಸೆರೆಮನೆಯಲ್ಲಿ ಪೂರ್ತಿ ಕುಸಿಯಿತು. ಜನವರಿಯ ನಡುವಿನಲ್ಲಿ ಪೆರೋಲ್ ಮೇಲೆ ಹೊರಬಂದ ಅವರು 1977ರ ಜನವರಿ 20ರಂದು ತೀರಿಕೊಂಡರು. ಪ್ರಾಗ್‌ನ ರಾಷ್ಟ್ರೀಯ ರಂಗಮಂದಿರದ ಆ ಸಭೆಗೆ ಇನ್ನೂ ಎಂಟು ದಿನವಿತ್ತು. ಆ ಜೈಲಿನ ಜಾಗ ಈಗ ಫ್ರೀಡಂ ಪಾರ್ಕ್. ದಿನವೂ ಒಂದಲ್ಲ ಒಂದು ಧರಣಿ ಅಲ್ಲಿ ನಡೆಯುತ್ತದೆ, ಮೆಜೆಸ್ಟಿಕ್ಕಿಗೆ ಹೋಗುವ ಬಸ್ಸುಗಳಿಂದ ಜನ ಅದನ್ನು ನೋಡುತ್ತಾ ಹೋಗುತ್ತಾರೆ. ನಮ್ಮ ತುರ್ತುಪರಿಸ್ಥಿತಿ ನಡೆದದ್ದು 21 ತಿಂಗಳು. 1968ರ ಆಗಸ್ಟಿನಿಂದ 1989ರ ನವೆಂಬರ್‌ವರೆಗೆ ಜೆಕ್ ಜನ ಅನುಭವಿಸಿದ್ದು 21 ವರ್ಷ. ಎರಡನ್ನೂ ಸರಿತೂಗಿಸುವುದು ನನ್ನ ಉದ್ದೇಶವಲ್ಲ. ಖ್ರಾಮೊಸ್ತೊವಾ ಅವರ ಬದುಕು ನಮಗೆ ಪರಕೀಯವಲ್ಲವೆಂದು ಹೇಳಲು ನನಗೆ ಇದಕ್ಕಿಂತ ಹತ್ತಿರದ ದಾರಿ ಕಾಣಲಿಲ್ಲ.

1978ರಲ್ಲಿ ಮನೆಯ ರಂಗಭೂಮಿಯ ಅತ್ಯಂತ ಹೆಸರಾದ ಪ್ರಯೋಗ ನಡೆಯಿತು. ಷೇಕ್ಸ್‌ಪಿಯರನ ‘ಮ್ಯಾಕ್‌ಬೆತ್’ ನಾಟಕವನ್ನು ನಾಟಕಕಾರ ಪಾವೆಲ್ ಕೊಹೌಟ್ ಐದು ಜನ ಆಡಬಹುದಾದಷ್ಟಕ್ಕೆ ಇಳಿಸಿದರು. ಲಾಂಡೊವ್‌ಸ್ಕಿ ಮ್ಯಾಕ್‌ಬೆತ್, ಖ್ರಾಮೊಸ್ತೊವಾ ಲೇಡಿ ಮ್ಯಾಕ್‌ಬೆತ್. ನಿಷೇಧಕ್ಕೆ ಒಳಗಾಗಿದ್ದ ಗಾಯಕ ವ್ಲಾಸ್ತಿಮಿಲ್ ಟ್ರೆಶ್ನ್ಯಾಕ್, ಕೊಹೌಟ್ ಮತ್ತು ಅವರ ಮಗಳು ಉಳಿದ ಪಾತ್ರಗಳನ್ನು ಹಂಚಿಕೊಂಡರು. ಯಾರಾದರೂ ತಮ್ಮ ಮನೆಗೆ ಕರೆದರೆ ಐದು ಜನ ಒಂದೇ ಒಂದು ಸೂಟ್‌ಕೇಸ್ ಹಿಡಿದು ಬಂದು ಆಡಿ ಹೋಗುವಂತೆ ಪ್ರಯೋಗವನ್ನು ರೂಪಿಸಲಾಗಿತ್ತು. ಛಾಯಾಗ್ರಾಹಕರಾದ ಮಿಲೊಟಾ ಅದನ್ನು ಚಿತ್ರೀಕರಿಸಿಟ್ಟರು.

ಆ ನಾಟಕದ ಆಯ್ಕೆಯನ್ನು ಕುರಿತು ನಾನು ಬಹಳ ಯೋಚಿಸಿದ್ದೇನೆ. ಅದೇ ಕಾಲಕ್ಕೆ, 1979ರಲ್ಲಿ, ನಮ್ಮ ಬಿ.ವಿ. ಕಾರಂತರು ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ರೆಪರ್ಟರಿಗಾಗಿ ಇದೇ ‘ಮ್ಯಾಕ್‌ಬೆತ್’ ಅನ್ನು ಯಕ್ಷಗಾನದ ಹೆಜ್ಜೆ, ಬಣ್ಣ, ಚೆಂಡೆಗಳೊಡನೆ ‘ಬರ್ನಮ್ ವನ’ವಾಗಿ ರಂಗಕ್ಕೆ ತಂದರು, ಅಲ್ಲಿ ಕಾಡೇ ಒಂದು ಪಾತ್ರವಾಗಿ ರಂಗವನ್ನು ತುಂಬಿತು. ಪ್ರಾಗ್‌ನ ಕೋಣೆಯಲ್ಲಿ ಕಾಡಿಗೆ ಜಾಗವೆಲ್ಲಿ? ಯುದ್ಧ, ಸೈನ್ಯ, ಔತಣಕೂಟ ಎಲ್ಲವನ್ನೂ ಕಳೆದಮೇಲೆ ಉಳಿಯುವುದು ಗಂಡಹೆಂಡಿರ ಪಿಸುಮಾತು, ಮಾಡಿದ ಕೊಲೆಯ ಭಯ, ನಿದ್ದೆಯಲ್ಲಿ ನಡೆಯುವ ಹೆಂಗಸು. ನಿದ್ದೆಯಲ್ಲಿ ನಡೆಯುತ್ತಾ ಕೈಯ ರಕ್ತವನ್ನು ಉಜ್ಜಿಕೊಳ್ಳುವ ಲೇಡಿ ಮ್ಯಾಕ್‌ಬೆತ್ ಕೈಚಾಚಿದರೆ ಸಿಗುವಷ್ಟು ಹತ್ತಿರದಲ್ಲಿ ಹಾದುಹೋಗುವುದನ್ನು ನೋಡಿದವರಿಗೆ ಅದು ಹನ್ನೊಂದನೆಯ ಶತಮಾನದ ಸ್ಕಾಟ್ಲೆಂಡಿನ ಕಥೆಯಾಗಿ ಕಂಡಿರಲಾರದು. ಅಧಿಕಾರವನ್ನು ಕದ್ದವನು ಸುತ್ತಲಿನ ಪ್ರತಿಯೊಂದು ಮನೆಯಲ್ಲೂ ತನ್ನ ಗೂಢಚಾರನೊಬ್ಬನನ್ನು ಇಟ್ಟುಕೊಂಡಿದ್ದಾನೆಂದು ಮ್ಯಾಕ್‌ಬೆತ್ ತಾನೇ ಹೇಳುವ ಮಾತೊಂದು ಮೂಲದಲ್ಲಿಯೇ ಇದೆ. ಕೊಹೌಟ್ ಅದಕ್ಕೆ ಹೊಸದಾಗಿ ಏನನ್ನೂ ಸೇರಿಸಬೇಕಾಗಿರಲಿಲ್ಲ.

ಕೊಹೌಟ್ ಅವರಿಂದ ಈ ಸುದ್ದಿ ತಿಳಿದ ಇಂಗ್ಲಿಷ್ ನಾಟಕಕಾರ ಟಾಮ್ ಸ್ಟಾಪರ್ಡ್ ಲಂಡನ್ನಿನಲ್ಲಿ ಇದನ್ನೇ ವಸ್ತುವಾಗಿಸಿ 1979ರಲ್ಲಿ ನಾಟಕ ಬರೆದರು. ಅದರಲ್ಲಿ ಮನೆಯೊಂದರ ‘ಮ್ಯಾಕ್‌ಬೆತ್’ ನಡುವೆ ಪೊಲೀಸ್ ಇನ್ಸ್‌ಪೆಕ್ಟರನೊಬ್ಬ ಒಳಗೆ ಬರುತ್ತಾನೆ. ಸ್ಟಾಪರ್ಡ್ ಹುಟ್ಟಿದ್ದು 1937ರಲ್ಲಿ, ಜೆಕೊಸ್ಲೊವಾಕಿಯಾದ ಜ್ಲೀನ್‌ನಲ್ಲಿ. ಯುದ್ಧದಿಂದ ತಪ್ಪಿಸಿಕೊಂಡು ಬಂದ ಆ ಹುಡುಗ ಓದಿದ್ದು ನಮ್ಮ ಡಾರ್ಜಿಲಿಂಗಿನ ಶಾಲೆಯಲ್ಲಿ. ಆದರೆ ಲಂಡನ್ನಿನ ಆ ನಾಟಕದ ಖ್ಯಾತಿಯಲ್ಲಿ ಪ್ರಾಗ್‌ನ ನಟಿಯ ಹೆಸರು ಹಿಂದೆ ಸರಿದದ್ದು ನನಗೆ ಇಂದಿಗೂ ಬೇಸರದ ಸಂಗತಿ. ಜಗತ್ತಿನ ರಂಗಭೂಮಿಯ ಪುಸ್ತಕಗಳಲ್ಲಿ ಆ ಪ್ರಯೋಗ ನಾಟಕಕಾರರ ಹೆಸರಿನಲ್ಲಿ ಉಳಿಯಿತು, ಅದನ್ನು ಮೈಮೇಲೆ ಹೊತ್ತವರ ಹೆಸರಿನಲ್ಲಲ್ಲ.

ತಂಡ ಬೇಗ ಚದುರಿತು. ಲಾಂಡೊವ್‌ಸ್ಕಿ ವಿಯೆನ್ನಾದ ಬುರ್ಗ್ ರಂಗಮಂದಿರಕ್ಕೆ ಹೋದರು, ಮತ್ತೆ 1989ರವರೆಗೆ ತಾಯ್ನಾಡಿನಲ್ಲಿ ನೆಲೆಸಲಾಗಲಿಲ್ಲ. ಒಂದು ವರ್ಷದ ಕೆಲಸಕ್ಕೆಂದು ವಿಯೆನ್ನಾಕ್ಕೆ ಹೋದ ಕೊಹೌಟ್ ಅವರನ್ನು 1979ರಲ್ಲಿ ಗಡಿಯಲ್ಲೇ ತಡೆದು, ಪೌರತ್ವವನ್ನು ಕಿತ್ತುಕೊಂಡರು. ಜರ್ಮನ್ ಭಾಷೆಯ ರಂಗದ ಮೇಲೆ ಎರಡನೆಯ ಬದುಕು ಕಟ್ಟಿಕೊಂಡ ಲಾಂಡೊವ್‌ಸ್ಕಿಯ ಕಥೆಯನ್ನು ಪ್ರತ್ಯೇಕವಾಗಿಯೇ ಬರೆಯಬೇಕು. ಖ್ರಾಮೊಸ್ತೊವಾ ಹೋಗಲಿಲ್ಲ.

ಅವರು ಉಳಿದು ಮಾಡಿದ ಮುಂದಿನ ಪ್ರಯೋಗವೇ ನನ್ನ ದೃಷ್ಟಿಯಲ್ಲಿ ಆ ಕೋಣೆಯ ಅತ್ಯಂತ ಅರ್ಥಪೂರ್ಣ ನಾಟಕ. 1979ರಲ್ಲಿ, ವಿನೊಹ್ರಾಡಿಯಲ್ಲಿ ಒಂದು ಕಾಲಕ್ಕೆ ಅವರ ನಿರ್ದೇಶಕರಾಗಿದ್ದ ಪಾವ್ಲೀಚೆಕ್ ಬರೆದುಕೊಟ್ಟ ಆ ನಾಟಕ, ಹತ್ತೊಂಬತ್ತನೆಯ ಶತಮಾನದ ಜೆಕ್ ಲೇಖಕಿ ಬೊಝೆನಾ ನೆಮ್ತ್ಸೊವಾ ಅವರ ಶವಸಂಸ್ಕಾರದ ಸುತ್ತ ಹೆಣೆದದ್ದು. ಜೆಕ್ ಮಕ್ಕಳೆಲ್ಲ ಓದುವ, ಅಜ್ಜಿಯೊಬ್ಬಳ ಕಥೆಯನ್ನು 1855ರಲ್ಲಿ ಬರೆದ ಆ ಲೇಖಕಿ ಬದುಕಿದ್ದಾಗ ಆಸ್ಟ್ರಿಯನ್ ಪೊಲೀಸರ ಕಣ್ಗಾವಲು, ಬಡತನ ಮತ್ತು ಅನಾರೋಗ್ಯಗಳಲ್ಲಿ ನವೆದು 1862ರಲ್ಲಿ ತೀರಿಕೊಂಡರು; ಸತ್ತ ಮೇಲೆ ರಾಷ್ಟ್ರವೇ ಅವರಿಗೆ ಹಾರ ಹಾಕಿತು. ಪಾವ್ಲೀಚೆಕ್ ಅವರಿಗೆ ಆ ವಸ್ತು ಪುಸ್ತಕದ್ದಾಗಿರಲಿಲ್ಲ. 1973ರಲ್ಲಿ ತೆರೆಕಂಡು ಇಂದಿಗೂ ಯುರೋಪಿನ ಮನೆಮನೆಗಳಲ್ಲಿ ಕ್ರಿಸ್‌ಮಸ್ ಹೊತ್ತಿಗೆ ನೋಡುವ ಸಿಂಡ್ರೆಲಾ ಚಿತ್ರದ ಚಿತ್ರಕಥೆ ಅವರದೇ. ತೆರೆಯ ಮೇಲೆ ಮಾತ್ರ ಬೇರೊಬ್ಬರ ಹೆಸರು, ಏಕೆಂದರೆ ಅವರ ಹೆಸರು ಎಲ್ಲಿಯೂ ಕಾಣುವಂತಿರಲಿಲ್ಲ. ಹೆಸರಿಲ್ಲದ ನಾಟಕಕಾರ, ರಂಗವಿಲ್ಲದ ನಟಿ, ಇಬ್ಬರೂ ಸೇರಿ ನೂರಾ ಹದಿನೇಳು ವರ್ಷ ಹಿಂದೆ ತೀರಿಕೊಂಡವಳೊಬ್ಬಳ ಕಥೆಯನ್ನು ಅರ್ಥಮಾಡಿಕೊಳ್ಳಬಲ್ಲ ಕೆಲವೇ ಜನರ ಮುಂದೆ ಆಡಿದರು. ಪೊಲೀಸರ ಒತ್ತಡ ಹೆಚ್ಚಿದಂತೆ ಮನೆಯ ಪ್ರಯೋಗಗಳು ಅಲ್ಲಿಗೇ ಬಹುತೇಕ ನಿಂತವು.

ಆಮೇಲಿನ ಹತ್ತು ವರ್ಷಗಳ ಬಗ್ಗೆ ಹೇಳಲು ಹೆಚ್ಚಿಲ್ಲ. ನಟಿಯೊಬ್ಬಳ ಬದುಕಿನಲ್ಲಿ ಹೇಳಲು ಹೆಚ್ಚಿಲ್ಲದ ಹತ್ತು ವರ್ಷಗಳಿರುವುದೇ ಆ ಆಳ್ವಿಕೆ ಮಾಡಿದ ಕೆಲಸ. ಅವರೊಡನೆ ನಟಿಸಿದ್ದ ಹ್ರುಶೀನ್‌ಸ್ಕಿ ಕೂಡ 1968ರಲ್ಲಿ ಸುಧಾರಣೆಯ ಪರವಾದ ಹೇಳಿಕೆಯೊಂದಕ್ಕೆ ಸಹಿ ಹಾಕಿದ ಕಾರಣಕ್ಕೆ ಕೆಲವು ವರ್ಷ ಸಿನಿಮಾದಿಂದ ದೂರವಿರಬೇಕಾಯಿತು. ಆದರೆ ಅವರಿಗೆ ಮರಳುವ ದಾರಿ ತೆರೆಯಿತು, 1980ರ ದಶಕದಲ್ಲಿ ಅವರು ಮತ್ತೆ ಜನಪ್ರಿಯ ಚಿತ್ರಗಳಲ್ಲಿ ಕಾಣಿಸಿಕೊಂಡರು, 1990ರಲ್ಲಿ ಸಂಸತ್ತಿಗೂ ಆಯ್ಕೆಯಾದರು. ಒಂದೇ ಚಿತ್ರದ ಗಂಡಹೆಂಡಿರ ಪಾತ್ರಧಾರಿಗಳ ಬದುಕು ಹೀಗೆ ಬೇರೆಬೇರೆ ದಾರಿ ಹಿಡಿಯಿತು.

1989ರ ನವೆಂಬರ್ 17ರಂದು ಖ್ರಾಮೊಸ್ತೊವಾ ಅವರಿಗೆ 63 ತುಂಬಿತು. ಆ ಸಂಜೆ, 1939ರ ವಿದ್ಯಾರ್ಥಿಗಳ ಸ್ಮರಣೆಗಾಗಿ ಹೊರಟ ಮೆರವಣಿಗೆಯನ್ನು ಪೊಲೀಸರು ಪ್ರಾಗ್‌ನ ನಾರೊದ್ನಿ ಬೀದಿಯಲ್ಲಿ ಅಡ್ಡಗಟ್ಟಿ ಥಳಿಸಿದರು. ಮರುದಿನವೇ ಪ್ರಾಗ್‌ನ ನಟರು ಮುಷ್ಕರ ಹೂಡಿದರು. ನವೆಂಬರ್ 19ರಂದು ಸಿವಿಕ್ ಫೋರಂ ಎಂಬ ಒಕ್ಕೂಟ ಹುಟ್ಟಿದ್ದು ಒಂದು ಪುಟ್ಟ ರಂಗಮಂದಿರದಲ್ಲಿ. ಅದರ ಕಚೇರಿ ನಡೆದದ್ದು ಇನ್ನೊಂದು ರಂಗಮಂದಿರದ ನೆಲಮಾಳಿಗೆಯಲ್ಲಿ. ಸಂಜೆ ನಾಟಕ ಶುರುವಾಗಬೇಕಾದ ಹೊತ್ತಿಗೆ ತೆರೆ ಎತ್ತಿ, ವೇಷ ಹಾಕದ ನಟರು ಪ್ರೇಕ್ಷಕರೊಡನೆ ದೇಶದ ವಿಷಯ ಮಾತನಾಡಿದರು. ವರ್ಷ ಮುಗಿಯುವ ಮೊದಲೇ ನಾಟಕಕಾರ ಹಾವೆಲ್ ಅಧ್ಯಕ್ಷರಾದರು.

ಖ್ರಾಮೊಸ್ತೊವಾ 1990ರಲ್ಲಿ ವಿನೊಹ್ರಾಡಿಗೆ ಮರಳಿದರು, ನಂತರ ರಾಷ್ಟ್ರೀಯ ರಂಗಮಂದಿರವನ್ನು ಸೇರಿದರು. 1977ರಲ್ಲಿ ಅವರಂಥವರ ವಿರುದ್ಧ ಸಹಿ ಸಂಗ್ರಹಿಸಿದ ಅದೇ ಕಟ್ಟಡವದು. 1998ರಲ್ಲಿ ಅಧ್ಯಕ್ಷ ಹಾವೆಲ್, ಖ್ರಾಮೊಸ್ತೊವಾ ಅವರಿಗೆ ಜೆಕೊಸ್ಲೊವಾಕಿಯಾದ ಮೊದಲ ಅಧ್ಯಕ್ಷ ಟಿ.ಜಿ. ಮಸಾರಿಕ್ ಹೆಸರಿನ ರಾಷ್ಟ್ರ ಗೌರವವನ್ನು ಕೊಟ್ಟರು. ಇದನ್ನು ಸುಖಾಂತವೆಂದು ಬರೆಯುವವರಿದ್ದಾರೆ, ನನಗೆ ಹಾಗೆ ತೋರುವುದಿಲ್ಲ. ಅವರು ಹೋದಾಗ ನಲವತ್ತರ ನಡುವಿನ ನಾಯಕಿ, ಬಂದಾಗ ಅಜ್ಜಿಯ ಪಾತ್ರಗಳ ವಯಸ್ಸು. ನಡುವೆ ಬರಬೇಕಾಗಿದ್ದ ಚೆಕಾವ್‌ನ ರಾನೆವ್ಸ್ಕಾಯ, ಗ್ರೀಕ್ ದುರಂತಗಳ ರಾಣಿಯರು, ಇಬ್ಸೆನ್ನನ ತಾಯಂದಿರು, ಹೀಗೆ ಸುಮಾರು 17 ವರ್ಷಗಳಷ್ಟು ಪಾತ್ರಗಳನ್ನು ಯಾವ ಪದಕವೂ ಹಿಂದಕ್ಕೆ ಕೊಡಲಾರದು.

ಇನ್ನೊಂದು ಸಂಗತಿಯನ್ನು ಹೇಳದೆ ಈ ಬರಹವನ್ನು ಮುಗಿಸಿದರೆ ಅವರಿಗೇ ಅನ್ಯಾಯವಾದೀತು. 1999ರಲ್ಲಿ ಪ್ರಕಟವಾದ ತಮ್ಮ ಆತ್ಮಕಥೆಯಲ್ಲಿ ಅವರು, 1950ರ ದಶಕದಲ್ಲಿ ತಾವು ಗುಪ್ತ ಪೊಲೀಸರೊಡನೆ ಸಹಕರಿಸಲು ಒಪ್ಪಿದ್ದುದನ್ನು ತಾವಾಗಿಯೇ ಬರೆದುಕೊಂಡರು. ಆ ಹೊತ್ತಿಗೆ ಅವರು ಪ್ರತಿರೋಧದ ಸಂಕೇತ, ಸನ್ಮಾನಿತ ಹಿರಿಯ ನಟಿ. ಇದನ್ನು ಓದಿ ನಿರಾಶರಾದವರೂ ಇದ್ದಾರೆ, ಅದನ್ನು ಮುಂದಿಟ್ಟು ಉಳಿದೆಲ್ಲವನ್ನೂ ಅಳಿಸಲು ನೋಡಿದವರೂ ಇದ್ದಾರೆ. ನನಗಾದರೋ ಅವರ ಮೇಲಿನ ಗೌರವ ಹೆಚ್ಚಾದದ್ದು ಅದನ್ನು ತಿಳಿದ ಮೇಲೆಯೇ. ಭಯವೆಂದರೇನೆಂದು ಅರಿಯದವರು ತೋರಿದ ಧೈರ್ಯ ಬೇರೆ. ಒಮ್ಮೆ ಭಯಕ್ಕೆ ಮಣಿದು, ಮಣಿದದ್ದರ ರುಚಿಯನ್ನು ಕಂಡು, ಎರಡು ದಶಕದ ನಂತರ ಅದೇ ಪೊಲೀಸರು ಬಾಗಿಲ ಹೊರಗೆ ನಿಂತಿರುವಾಗ ಒಳಗೆ ನಾಟಕ ಆಡಿದವರ ಧೈರ್ಯ ಬೇರೆ. ಕೊಹೌಟ್ ಕೂಡ ಯೌವನದಲ್ಲಿ ಸ್ಟಾಲಿನ್ ಕಾಲದ ಆಳ್ವಿಕೆಯನ್ನು ಹಾಡಿದ ಕವಿಯಾಗಿದ್ದವರು. ಆ ಪೀಳಿಗೆಯ ಬದುಕನ್ನು ಒಂದು ವರ್ಷದ ಅಥವಾ ಒಂದು ಸಹಿಯ ಆಧಾರದ ಮೇಲೆ ತೀರ್ಮಾನಿಸಿದರೆ, ಪರ ಅಥವಾ ವಿರೋಧ ಯಾವ ಕಡೆಗಾದರೂ, ತಪ್ಪು ಚಿತ್ರವೇ ಸಿಗುತ್ತದೆ.

ಹಾವೆಲ್ ತಮ್ಮ ನಾಟಕವನ್ನು ತಾವೇ ನಿರ್ದೇಶಿಸಿ 2011ರಲ್ಲಿ ಸಿನಿಮಾ ಮಾಡಿದಾಗ ಖ್ರಾಮೊಸ್ತೊವಾ ಅದರಲ್ಲಿ ಅಜ್ಜಿಯಾಗಿ ನಟಿಸಿದರು. ಪತಿ ಮಿಲೊಟಾ 2019ರ ಫೆಬ್ರವರಿಯಲ್ಲಿ ತೀರಿಕೊಂಡರು, ಅದೇ ವರ್ಷದ ಅಕ್ಟೋಬರ್ 6ರಂದು, 92ನೆಯ ವಯಸ್ಸಿನಲ್ಲಿ, ಅವರೂ ಹೋದರು.

ನಮ್ಮ ತಂಡದಲ್ಲಿ ಈಗ ಒಂದು ವಾದ ನಡೆದಿದೆ. ‘ಮ್ಯಾಕ್‌ಬೆತ್’ ನಾಟಕದ ಕನ್ನಡ ಅನುವಾದವೊಂದನ್ನು ಐದು ಜನರಿಗೆ ಇಳಿಸಿ ಮನೆಗಳಲ್ಲಿ ಆಡೋಣವೆಂದು ನಾನು ಸೂಚಿಸಿದಾಗ, ರಂಗಶಂಕರ, ಕಲಾಕ್ಷೇತ್ರ, ಹನುಮಂತನಗರದ ಕಲಾಸೌಧಗಳೆಲ್ಲ ತೆರೆದಿರುವ ಊರಿನಲ್ಲಿ, ಯಾರೂ ನಮ್ಮನ್ನು ತಡೆಯದಿರುವಾಗ, ನಿಷೇಧಕ್ಕೆ ಒಳಗಾದವರ ರೀತಿಯನ್ನು ಅನುಕರಿಸುವುದು ಅವರ ಕಷ್ಟವನ್ನು ಹಗುರ ಮಾಡಿದಂತಾಗುತ್ತದೆಂದು ಕಿರಿಯರೊಬ್ಬರು ಗಂಭೀರವಾಗಿ ಆಕ್ಷೇಪಿಸಿದರು. ಆ ಆಕ್ಷೇಪದಲ್ಲಿ ಹುರುಳಿದೆ. ಆದ್ದರಿಂದ ಪೊಲೀಸರ ಬೂಟಿನ ಸದ್ದು, ಬಾಗಿಲು ಬಡಿಯುವುದು ಮುಂತಾದ ಯಾವ ಸೇರ್ಪಡೆಯೂ ಇಲ್ಲದೆ, ಅಭಿನಯದ ಅಭ್ಯಾಸವಾಗಿ ಮಾತ್ರ ಅದನ್ನು ಕೈಗೆತ್ತಿಕೊಳ್ಳಬೇಕೆಂದು ನಾನು ಹೇಳಿದ್ದೇನೆ. ಮ್ಯಾಕ್‌ಬೆತ್ ಪಾತ್ರಕ್ಕೆ ಯಾರಾದರೂ ಆದೀತು. ಲೇಡಿ ಮ್ಯಾಕ್‌ಬೆತ್ ಪಾತ್ರವನ್ನು ಮಾತ್ರ ಐವತ್ತು ದಾಟಿದ, ಪಾತ್ರಗಳಿಗಾಗಿ ಯಾರೂ ಕರೆಯುವುದನ್ನು ನಿಲ್ಲಿಸಿರುವ ನಮ್ಮ ನಟಿಯೊಬ್ಬರೇ ಮಾಡಬೇಕೆಂಬುದು ನನ್ನ ಹಠ. 1978ರಲ್ಲಿ ಖ್ರಾಮೊಸ್ತೊವಾ ಅದನ್ನು ಆಡಿದ್ದು ಅದೇ ವಯಸ್ಸಿನಲ್ಲಿ.